ಪದಚರ್ಚೆ: ‘ಗ್ರೌಂಡ್ಸ್ ಆಫ್ ಅರೆಸ್ಟ್’, ‘ರೀಸನ್ಸ್ ಫಾರ್ ಅರೆಸ್ಟ್’ ಎರಡಕ್ಕೂ ‘ಕಾರಣ’ವೇ? ತುರ್ತು, ನಾಳೆ ಪ್ರಿಂಟಿಗೆ

ಎಸ್.ಕೆ., ಧಾರವಾಡ:

ಎಲ್ಲರಿಗೂ ನಮಸ್ಕಾರ. ಠಾಣೆಗಳಲ್ಲಿ ಹಾಕುವ ಫಲಕವೊಂದರ ಕನ್ನಡ ಪಠ್ಯ ನಾಳೆ ಸಂಜೆಯೊಳಗೆ ಪ್ರಿಂಟಿಗೆ ಹೋಗಬೇಕು. ಮೂರಡಿ ಅಗಲ, ನಾಲ್ಕಡಿ ಎತ್ತರ. ದೂರದಿಂದ ಓದುವಂತಿರಬೇಕಾದ್ದರಿಂದ ಎಂಟು ಸಾಲಿಗಿಂತ ಹೆಚ್ಚು ಹಿಡಿಸದು. ಇಂಗ್ಲಿಷ್ ಮೂಲದಲ್ಲಿ ಒಂದು ಕಡೆ ‘ಗ್ರೌಂಡ್ಸ್ ಆಫ್ ಅರೆಸ್ಟ್’, ಇನ್ನೊಂದು ಕಡೆ ‘ರೀಸನ್ಸ್ ಫಾರ್ ಅರೆಸ್ಟ್’ ಎಂದಿದೆ. ಎರಡನ್ನೂ ಬೆರೆಸಬಾರದು ಎಂದು ಪಠ್ಯ ಕೊಟ್ಟವರ ತಾಕೀತು. ನನಗೆ ‘ಕಾರಣ’ ಬಿಟ್ಟರೆ ಹೊಳೆದದ್ದು ‘ಆಧಾರ’ ಒಂದೇ. ಸದ್ಯಕ್ಕೆ ಬರೆದಿರುವುದು:

‘ಬಂಧನದ ಕಾರಣ ಲಿಖಿತವಾಗಿ ತಿಳಿಸತಕ್ಕದ್ದು.’

ಇನ್ನೊಂದು ಅನುಮಾನ. ಅರೆಸ್ಟಿಗೆ ಬಂಧನವೋ ದಸ್ತಗಿರಿಯೋ?

ಆರ್.ಎಂ., ಬೆಂಗಳೂರು:

ತಾಕೀತು ಸರಿಯಾಗಿಯೇ ಇದೆ. ಈ ಎರಡರ ನಡುವೆ ಸುಪ್ರೀಂ ಕೋರ್ಟು ಗೆರೆ ಎಳೆದದ್ದು 2024ರ ಮೇ 15ರಂದು, ಪ್ರಬೀರ್ ಪುರಕಾಯಸ್ಥ ಪ್ರಕರಣದಲ್ಲಿ. ‘ರೀಸನ್ಸ್’ ಎಂದರೆ ಯಾವ ಆರೋಪಿಗೆ ಬೇಕಾದರೂ ಹೊಂದುವ ಬಾಬತ್ತುಗಳು: ಮತ್ತೆ ಅಪರಾಧ ಎಸಗದಂತೆ ತಡೆಯಲು, ತನಿಖೆ ಸರಿಯಾಗಿ ನಡೆಯಲು, ಸಾಕ್ಷ್ಯ ನಾಶವಾಗದಿರಲು, ಸಾಕ್ಷಿಗಳನ್ನು ಬೆದರಿಸದಿರಲು. ಬಿಎನ್‌ಎಸ್‌ಎಸ್ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) ಕಲಂ 35ರಲ್ಲಿರುವುದು ಇವೇ. ‘ಗ್ರೌಂಡ್ಸ್’ ಹಾಗಲ್ಲ, ಅವು ಆ ಒಬ್ಬ ಆಸಾಮಿಗೆ ಮಾತ್ರ ಸೇರಿದವು. ಯಾವ ದಿನ, ಎಲ್ಲಿ, ಏನು ಮಾಡಿದನೆಂದು ಹಿಡಿದಿದ್ದಾರೆ ಎಂಬುದು ಅದರಲ್ಲಿರಬೇಕು. ಸಂವಿಧಾನದ 22(1)ನೇ ವಿಧಿ ಮತ್ತು ಬಿಎನ್‌ಎಸ್‌ಎಸ್ ಕಲಂ 47 (ಹಳೆಯ ಸಿಆರ್‌ಪಿಸಿ 50) ಕೇಳುವುದು ಇದನ್ನೇ.

ತಪ್ಪಾಗುವುದೂ ಇಲ್ಲೇ. ಕ್ರೈಂ ನಂಬರು, ಕಲಮುಗಳ ಸಾಲು, ಕೆಳಗೆ ಆರೋಪಿಯ ಸಹಿ, ಇಷ್ಟು ಮಾಡಿ ‘ತಿಳಿಸಿದ್ದೇವೆ’ ಎನ್ನುವುದು ರೂಢಿ. ಆ ಹಾಳೆ ಹಿಡಿದು ವಕೀಲ ರಿಮಾಂಡಿಗೆ, ಅಂದರೆ ಕಸ್ಟಡಿಗೆ ಒಪ್ಪಿಸುವ ಮ್ಯಾಜಿಸ್ಟ್ರೇಟರ ಆದೇಶಕ್ಕೆ, ಏನು ತಕರಾರು ಎತ್ತಬೇಕು? ಕಲಂ ಗೊತ್ತಾದರೆ ಆರೋಪದ ಜಾತಿ ಗೊತ್ತಾದೀತು, ಆರೋಪ ಗೊತ್ತಾಗದು.

ಗ್ರೌಂಡ್ಸಿಗೆ ‘ಆಧಾರ’ ಇರಲಿ, ರೀಸನ್ಸಿಗೆ ‘ಕಾರಣ’. ಅರೆಸ್ಟಿಗೆ ದಸ್ತಗಿರಿ. ಬಂಧನವನ್ನು ಡಿಟೆನ್ಷನ್ನಿಗೆ (ಮುಂಜಾಗ್ರತೆಗಾಗಿ ಒಳಗಿಡುವುದಕ್ಕೆ) ಉಳಿಸಿಕೊಳ್ಳಿ, ಮುಂದೆ ಬೇಕಾಗುತ್ತದೆ.

ಜಿ.ಪಿ., ಮೈಸೂರು:

‘ಆಧಾರ’ ಬೇಡವೇ ಬೇಡ. ‘ದಸ್ತಗಿರಿಯ ಆಧಾರ ಕೊಡಬೇಕು’ ಎಂದು ಠಾಣೆಯ ಗೋಡೆಯ ಮೇಲೆ ಓದಿದವನು ಜೇಬಿನಿಂದ ಆಧಾರ್ ಕಾರ್ಡ್ ತೆಗೆಯುತ್ತಾನೆ. ಕಾರ್ಡಿನ ಕಾಟ ಇಲ್ಲದಿದ್ದರೂ ಆಧಾರ ಎಂದರೆ ಜನಕ್ಕೆ ಪುರಾವೆ. ‘ಆಧಾರರಹಿತ ಆರೋಪ’ ಎಂದು ದಿನಾ ಓದುತ್ತೇವಲ್ಲ. ಕಲಂ 47 ಪುರಾವೆ ತೋರಿಸಿ ಎನ್ನುವುದಿಲ್ಲ.

ಇನ್ನು ಎಸ್.ಕೆ. ಅವರ ವಾಕ್ಯ. ಷಷ್ಠಿಯ ಬೆನ್ನಿಗೆ ‘ಕಾರಣ’ ಬಂದರೆ ಅದು ನಾಮಪದವಾಗಿ ಉಳಿಯುವುದಿಲ್ಲ. ‘ಮಳೆಯ ಕಾರಣ ಶಾಲೆಗೆ ರಜೆ’. ‘ಬಂಧನದ ಕಾರಣ ಲಿಖಿತವಾಗಿ ತಿಳಿಸತಕ್ಕದ್ದು’ ಎಂದರೆ ಬಂಧನವಾಗಿರುವುದರಿಂದ ಏನನ್ನೋ ತಿಳಿಸಬೇಕು ಎಂದಾಯಿತು. ಏನನ್ನು? ಚತುರ್ಥಿ ಹಾಕಿ, ‘ಬಂಧನಕ್ಕೆ ಕಾರಣವೇನೆಂದು’. ‘ತಕ್ಕದ್ದು’ ಕೂಡ ಕಿತ್ತುಹಾಕಿ. ಯಾರು ತಿಳಿಸಬೇಕು ಎಂಬುದನ್ನೇ ನುಂಗಿಬಿಡುವ ಸರ್ಕಾರಿ ಕ್ರಿಯಾಪದ ಅದು. ‘ಪೊಲೀಸರು ಬರೆದು ಕೊಡಬೇಕು’ ಎಂದರೆ ಮುಗಿಯಿತು.

ಎನ್.ಎಚ್., ಶಿವಮೊಗ್ಗ:

ದಸ್ತಗಿರಿ ಪಾರಸಿ, ಬಂದನ ಸಂಸ್ಕ್ರುತ, ಜಾಮೀನು ಅರಬ್ಬಿ, ರಿಮಾಂಡ್ ಇಂಗ್ಲಿಶ್. ಮಂದಿಗೆ ತಿಳಿಯಲೆಂದು ನಿಲ್ಲಿಸುವ ಹಲಗೆಯಲ್ಲಿ ಮಂದಿಯ ನುಡಿಗೇ ಜಾಗವಿಲ್ಲ. ದಸ್ತ್ ಎಂದರೆ ಕಯ್, ಗೀರ್ ಎಂದರೆ ಹಿಡಿ. ಇದೇ ಹುರುಳಿನ ‘ಕಯ್ಸೆರೆ’ ನಮ್ಮಲ್ಲಿ ಮೊದಲಿಂದ ಇದೆ. ಸೆರೆ ಹಳೆಗನ್ನಡದಲ್ಲಿ ಸೆಱೆ, ತಮಿಳಿನವರಿಗೆ ಸಿಱೈ, ಅಂದರೆ ಒಡಹುಟ್ಟು ನುಡಿಗಳಿಗೂ ಸೇರಿದ ಬೇರು. ಗ್ರೌಂಡ್ಸಿಗೆ ‘ನೆಲೆ’. ‘ಸೆರೆಹಿಡಿದುದರ ನೆಲೆಯನ್ನು ಬರೆದು ತಿಳಿಸಬೇಕು’. ಕಾನೂನಿಗೆ ‘ಕಟ್ಟಲೆ’ ಎನ್ನಲು ಯಾಕೆ ನಾಚಿಕೆಯೋ ಗೊತ್ತಿಲ್ಲ.

ಜಿ.ಪಿ., ಮೈಸೂರು:

ಸೆರೆ ಹಿಡಿಯುವುದು ಚಿರತೆಯನ್ನು. ಕೈಸೆರೆ ಸಿಗುವುದು ಸೋತ ಅರಸು. ನೆಲೆ ಉಗ್ರರದ್ದು. ಬೇರೆ ಏನಾದರೂ ಇದ್ದರೆ ಹೇಳಿ.

ಬಿ.ಎ., ಕಲಬುರಗಿ:

ದಸ್ತಗಿರಿ ಪರಕೀಯ ಅಂತ ನಮ್ಮ ಕಡೆ ಯಾರಿಗೂ ಅನಸಂಗಿಲ್ರಿ. ದಸ್ತಗೀರ್ ಅಂತ ಹೆಸರಿಟ್ಕೊಂಡವರು ಊರಿಗೆ ನಾಲ್ಕು ಮಂದಿ ಸಿಗ್ತಾರ. ಪಾರಸಿಯೊಳಗ ಅದರ ಅರ್ಥ ಕೈ ಹಿಡಿದು ಕಾಯಾಂವ ಅಂತ. ಅಬ್ದುಲ್ ಖಾದಿರ್ ಜೀಲಾನಿ ಅವರನ್ನ ಪೀರಾನೆ ಪೀರ್ ದಸ್ತಗೀರ್ ಅಂತ ಕರಿಯೋದು ಅದಕ್ಕ. ಕೋರ್ಟಿನಿಂದ ವಕೀಲ, ವಕಾಲತ್ತು, ಜಾಮೀನು, ಮಹಜರು, ಮುಚ್ಚಳಿಕೆ, ಫಿರ್ಯಾದಿ, ತಕರಾರು ಇವನ್ನೆಲ್ಲ ಹೊರಗ ಹಾಕಿದ್ರ ಉಳಿಯೋದು ಫ್ಯಾನು ಒಂದ. ಶಬ್ದ ಎಲ್ಲಿಂದ ಬಂತು ಅನ್ನೋದಲ್ರಿ, ಹಿಡಿಸಿಕೊಂಡಾಂವಗ ತಿಳೀತೋ ಇಲ್ಲೋ ನೋಡ್ರಿ.

ಆರ್.ಎಂ., ಬೆಂಗಳೂರು:

ಬಿ.ಎ. ಅವರ ಕೊನೆಯ ಮಾತು ಬರೀ ಅಭಿಪ್ರಾಯವಲ್ಲ, ಕಾನೂನೇ ಅದು. 1962ರ ಹರಿಕಿಶನ್ ಪ್ರಕರಣ: ಮುಂಜಾಗ್ರತಾ ಬಂಧನದ ಆದೇಶ ಮತ್ತು ಗ್ರೌಂಡ್ಸ್ ಇಂಗ್ಲಿಷಿನಲ್ಲಿದ್ದವು, ಬಂಧಿತನಿಗೆ ಬರುತ್ತಿದ್ದದ್ದು ಹಿಂದಿ. ಅಧಿಕಾರಿ ಬಾಯಲ್ಲಿ ವಿವರಿಸಿದ್ದರೂ ಸಾಲದೆಂದು ಸುಪ್ರೀಂ ಕೋರ್ಟು ಬಂಧನವನ್ನು ರದ್ದು ಮಾಡಿತು. 1981ರ ಲಲ್ಲೂಭಾಯಿ ಪ್ರಕರಣದಲ್ಲಿ ಭಾಷೆ ಗುಜರಾತಿ, ಫಲ ಅದೇ. ಅವೆರಡೂ ಮುಂಜಾಗ್ರತಾ ಬಂಧನದ ಕುರಿತ 22(5)ನೇ ವಿಧಿಯ ತೀರ್ಪುಗಳು. ಈಗ ಸಾಮಾನ್ಯ ದಸ್ತಗಿರಿಗೂ ಅದೇ ಬಂದಿದೆ. 2023ರ ಅಕ್ಟೋಬರಿನ ಪಂಕಜ್ ಬನ್ಸಲ್ ತೀರ್ಪು ಅಕ್ರಮ ಹಣ ವರ್ಗಾವಣೆ ಕಾಯ್ದೆಯ ಮಟ್ಟಿಗೆ, ಪುರಕಾಯಸ್ಥ ತೀರ್ಪು ಯುಎಪಿಎ (ಕಾನೂನುಬಾಹಿರ ಚಟುವಟಿಕೆ ತಡೆ ಕಾಯ್ದೆ) ಮಟ್ಟಿಗೆ. 2025ರ ನವೆಂಬರ್ 6ರ ಮಿಹಿರ್ ರಾಜೇಶ್ ಶಾ ತೀರ್ಪು ಎಲ್ಲ ಅಪರಾಧಗಳಿಗೂ: ಬರವಣಿಗೆಯಲ್ಲಿ, ಅವನಿಗೆ ತಿಳಿಯುವ ಭಾಷೆಯಲ್ಲಿ. ಕಾಸರಗೋಡಿನಲ್ಲಿ ಮಲಯಾಳ ಓದಲು ಬಾರದ ಕನ್ನಡಿಗನನ್ನು ಹಿಡಿದರೆ ಅವನಿಗೆ ಕನ್ನಡದ ಹಾಳೆ ಸಿಗಬೇಕು. ಬೆಳಗಾವಿಯಲ್ಲಿ ಮರಾಠಿ ಮಾತ್ರ ಬಲ್ಲವನಿಗೆ ನಾವು ಕನ್ನಡದ ಹಾಳೆ ಕೊಟ್ಟು ಕೈತೊಳೆದುಕೊಳ್ಳುವಂತೆಯೂ ಇಲ್ಲ. ಕನ್ನಡಾಭಿಮಾನಿಗಳು ಎರಡನೆಯದನ್ನೂ ಗಮನಿಸಬೇಕಾಗಿ ವಿನಂತಿ.

ನಡುವೆ, 2025ರ ಆಗಸ್ಟಿನಲ್ಲಿ, ಕರ್ನಾಟಕ ರಾಜ್ಯ ವಿರುದ್ಧ ದರ್ಶನ್ ತೀರ್ಪು ಬಂತು. ಬರೆದು ಕೊಡದ ಮಾತ್ರಕ್ಕೆ ದಸ್ತಗಿರಿ ತಾನಾಗಿ ಅಕ್ರಮವಾಗದು, ಆರೋಪಿಗೆ ಬಾಧಕವಾಗಿದೆಯೇ ನೋಡಬೇಕು ಎಂದಿತು. ಇನ್ನೂ ಅದನ್ನೇ ತೋರಿಸುವವರಿದ್ದಾರೆ. ನವೆಂಬರಿನ ನಂತರದ ದಸ್ತಗಿರಿಗಳಿಗೆ ನವೆಂಬರಿನ ತೀರ್ಪು.

ದಸ್ತಗಿರಿ, ಬಂಧನ ಬೇರೆ ಇರಲಿ ಎಂದದ್ದಕ್ಕೆ ಕಾರಣ ಇದು. 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟ್ ಮುಂದೆ ಹಾಜರುಪಡಿಸಬೇಕೆಂಬ ನಿಯಮ ದಸ್ತಗಿರಿಗೆ. ಗೂಂಡಾ ಕಾಯ್ದೆಯಡಿ ಮುಂಜಾಗ್ರತೆಗಾಗಿ ಒಳಗೆ ಹಾಕಿದವನಿಗೆ ಅದು ಅನ್ವಯಿಸದು, 22(3) ಅವನನ್ನು ಹೊರಗಿಟ್ಟಿದೆ. ಅವನಿಗಿರುವುದು ಸಲಹಾ ಮಂಡಳಿ ಮತ್ತು ಮನವಿ ಸಲ್ಲಿಸುವ ಹಕ್ಕು. ಎರಡಕ್ಕೂ ‘ಬಂಧನ’ ಎಂದೇ ಬರೆದು ಕೆಳಗೆ ‘24 ಗಂಟೆ’ ಎಂದರೆ ಫಲಕವೇ ಸುಳ್ಳು ಹೇಳಿದಂತೆ.

ಎನ್.ಎಚ್., ಶಿವಮೊಗ್ಗ:

ಗುಜರಾತಿಗೆ ಗುಜರಾತಿ, ಮರಾಟಿಗೆ ಮರಾಟಿ, ಕನ್ನಡಿಗನಿಗೆ ಮಾತ್ರ ಪಾರಸಿ. ಚೆನ್ನಾಗಿದೆ.

ಪಿ.ವಿ., ಮಂಗಳೂರು:

ಎಲ್ಲರೂ ಗ್ರೌಂಡ್ಸಿಗೆ ಹೊಸ ಪದ ಹುಡುಕುತ್ತಿದ್ದೀರಿ. ತಿರುಗಿಸಿ ನೋಡಿ. ‘ನನ್ನನ್ನು ಯಾಕೆ ಹಿಡಿದಿರಿ’ ಎಂದು ಕೇಳುವವನಿಗೆ ಬೇಕಾದದ್ದು ಗ್ರೌಂಡ್ಸ್, ಅದಕ್ಕೆ ಕನ್ನಡದಲ್ಲಿ ‘ಕಾರಣ’ವೇ ಸಹಜ. ಬೇರೆ ಪದ ಬೇಕಿರುವುದು ರೀಸನ್ಸಿಗೆ. ಕಲಂ 35ರಲ್ಲಿರುವುದು ಹಿಡಿಯಲೇಬೇಕಾಗಿತ್ತೇ, ನೋಟಿಸು ಕೊಟ್ಟು ಕರೆದರೆ ಸಾಲದಿತ್ತೇ ಎಂಬ ಪ್ರಶ್ನೆ. ಅಂದರೆ ‘ಅಗತ್ಯ’. ದಸ್ತಗಿರಿಗೆ ಕಾರಣ, ದಸ್ತಗಿರಿಯ ಅಗತ್ಯ. ನಿಘಂಟು ಬಿಟ್ಟು ಕೆಲಸ ನೋಡಿದರೆ ಗೊಂದಲವಿಲ್ಲ.

ಆರ್.ಎಂ., ಬೆಂಗಳೂರು:

ಒಪ್ಪಿದೆ, ಫಲಕದ ಮಟ್ಟಿಗೆ. ತೀರ್ಪಿನ ಅನುವಾದಕ್ಕೆ ಒಪ್ಪುವುದಿಲ್ಲ. ಅಲ್ಲಿ ರೀಸನ್ಸನ್ನು ‘ಕಾರಣ’ ಎಂದು ಈಗಾಗಲೇ ಓದಿಕೊಂಡವರು ದಾರಿ ತಪ್ಪುತ್ತಾರೆ.

ಎಸ್.ಕೆ., ಧಾರವಾಡ:

ಪಿ.ವಿ. ಅವರದ್ದನ್ನೇ ಹಿಡಿದೆ. ‘ಅಗತ್ಯ’ದ ಸಾಲು ಪೊಲೀಸರ ಕಡತಕ್ಕೆ ಸೇರಿದ್ದು, ಜನರಿಗಲ್ಲ ಎಂದು ಪಠ್ಯ ಕೊಟ್ಟವರನ್ನು ಒಪ್ಪಿಸಿ ಕೈಬಿಟ್ಟಿದ್ದೇನೆ. ಈಗಿನ ರೂಪ:

ಬಂಧಿಗಳ ಹಕ್ಕುಗಳು
ನಿಮ್ಮನ್ನು ದಸ್ತಗಿರಿ ಮಾಡಿದ ಕಾರಣವನ್ನು ಪೊಲೀಸರು ನಿಮಗೆ ತಿಳಿಯುವ ಭಾಷೆಯಲ್ಲಿ ಕೂಡಲೇ ಬರೆದು ಕೊಡಬೇಕು.
ಜಾಮೀನು ಸಿಗುವ ಅಪರಾಧವಾದರೆ ಅದನ್ನೂ ತಿಳಿಸಬೇಕು.
ನೀವು ಹೇಳಿದ ಬಂಧು ಅಥವಾ ಸ್ನೇಹಿತರಿಗೆ ಸುದ್ದಿ ಮುಟ್ಟಿಸಬೇಕು.
ವಿಚಾರಣೆಯ ಉದ್ದಕ್ಕೂ ನಿಮ್ಮ ವಕೀಲರು ಜೊತೆಗಿರಬಹುದು.
24 ಗಂಟೆಯೊಳಗೆ ಮ್ಯಾಜಿಸ್ಟ್ರೇಟ್ ಮುಂದೆ ಹಾಜರುಪಡಿಸಬೇಕು.
ಉಚಿತ ವಕೀಲರ ನೆರವಿಗೆ ಕರೆ ಮಾಡಿ: 15100

ಜಿ.ಪಿ., ಮೈಸೂರು:

ತಲೆಬರಹವೇ ತಪ್ಪು. ‘ಬಂಧಿ’ ಎಂಬುದಿಲ್ಲ. ಸೆರೆಯಾಳು ‘ಬಂದಿ’, ಆದ್ದರಿಂದಲೇ ಬಂದೀಖಾನೆ. ಧಕಾರ ಬರುವುದು ಬಂಧನ, ಬಂಧಿತಕ್ಕೆ. ಇಲ್ಲಿ ಎರಡೂ ಬೇಡ, ‘ದಸ್ತಗಿರಿಯಾದವರ ಹಕ್ಕುಗಳು’ ಎನ್ನಿ.

ಎನ್.ಎಚ್., ಶಿವಮೊಗ್ಗ:

ಎಲ್ಲವನ್ನೂ ದಕಾರದಲ್ಲೇ ಬರೆದಿದ್ದರೆ ಈ ತಪ್ಪೇ ಆಗುತ್ತಿರಲಿಲ್ಲ.

ಜಿ.ಪಿ., ಮೈಸೂರು:

‘ಬಂದನ’ ಎಂದು ಬರೆದರೆ ಯಾರು ಬಂದ ಎಂದು ಕೇಳುತ್ತಾರೆ.

ಆರ್.ಎಂ., ಬೆಂಗಳೂರು:

ಅಕ್ಷರದ ಜಗಳ ಆಮೇಲೆ ಆಡಿ, ಪ್ರಿಂಟಿಗೆ ಮುಂಚೆ ಮೂರು ತಿದ್ದುಪಡಿ.

ವಕೀಲರ ಸಾಲು ತಪ್ಪು. ಕಲಂ 38 ವಿಚಾರಣೆಯ ವೇಳೆ ವಕೀಲರನ್ನು ಭೇಟಿಯಾಗಲು ಬಿಡುತ್ತದೆ, ‘ಉದ್ದಕ್ಕೂ ಅಲ್ಲ’ ಎಂದು ಬಿಡಿಸಿ ಹೇಳಿದೆ. ‘ವಿಚಾರಣೆಯ ವೇಳೆ ನಿಮ್ಮ ಆಯ್ಕೆಯ ವಕೀಲರನ್ನು ಭೇಟಿಯಾಗಬಹುದು’ ಎಂದು ಬದಲಿಸಿ.

24 ಗಂಟೆಯ ಮುಂದೆ ‘ಪ್ರಯಾಣದ ಸಮಯ ಬಿಟ್ಟು’ ಸೇರಿಸಿ. ಅದಿಲ್ಲದಿದ್ದರೆ ದೂರದ ಊರಿನಿಂದ ಕರೆತಂದವರ ವಿಷಯದಲ್ಲಿ ಠಾಣೆಯಲ್ಲಿ ಸುಮ್ಮನೆ ಜಗಳವಾಗುತ್ತದೆ.

‘ಕೂಡಲೇ ಬರೆದು’ ಎಂಬುದೂ ನಿಲ್ಲದು. ಕಣ್ಣೆದುರೇ ಅಪರಾಧ ನಡೆದಾಗ ಹಿಡಿದಂಥ ಸಂದರ್ಭದಲ್ಲಿ ಆ ಕ್ಷಣಕ್ಕೆ ಬಾಯಲ್ಲಿ ಹೇಳಿ, ಲಿಖಿತ ಪ್ರತಿಯನ್ನು ಆಮೇಲೆ ಕೊಡಲು ನವೆಂಬರಿನ ತೀರ್ಪು ಅವಕಾಶ ಕೊಟ್ಟಿದೆ. ಆದರೆ ರಿಮಾಂಡಿಗೆ ಹಾಜರುಪಡಿಸುವ ಕನಿಷ್ಠ 2 ಗಂಟೆ ಮೊದಲು ಹಾಳೆ ಕೈಸೇರಬೇಕು. ಹಾಗೆ ಆಗದಿದ್ದರೆ ದಸ್ತಗಿರಿಯೂ ರಿಮಾಂಡೂ ಅಕ್ರಮ, ಬಿಡುಗಡೆ ಕೇಳಬಹುದು. ಆಮೇಲೆ ಹಾಳೆ ಕೊಟ್ಟು ಮತ್ತೆ ಕಸ್ಟಡಿ ಕೇಳಲು ಪೊಲೀಸರಿಗೂ ದಾರಿ ಇದೆ. ಆದ್ದರಿಂದ ಆ ಸಾಲು ಹೀಗಿರಲಿ: ‘ನಿಮ್ಮನ್ನು ದಸ್ತಗಿರಿ ಮಾಡಿದ್ದು ಏಕೆಂದು ಪೊಲೀಸರು ಕೂಡಲೇ ಹೇಳಬೇಕು, ಮ್ಯಾಜಿಸ್ಟ್ರೇಟ್ ಮುಂದೆ ಹೋಗುವ ಕನಿಷ್ಠ 2 ಗಂಟೆ ಮೊದಲು, ನಿಮಗೆ ತಿಳಿಯುವ ಭಾಷೆಯಲ್ಲಿ ಬರೆದು ಕೊಡಬೇಕು.’ ಎರಡು ಸಾಲು ಹಿಡಿಯುತ್ತದೆ, ಒಟ್ಟು ಎಂಟಕ್ಕೆ ನಿಲ್ಲುತ್ತದೆ. ‘ಕಾರಣ’ವೂ ಬೇಕಾಗಲಿಲ್ಲ ನೋಡಿ.