ಕ್ರಿಸ್ ವೆಲ್ಸ್‌ಬಿ ಮಾಡಿಧಂಗ ನಮ್ಮ ಹೊಲದಾಗ ಏಳು ದಿನ ಶೂಟ್ ಮಾಡಬೇಕಂದ್ರ ಯಾವ ತಿಂಗಳ ಚೊಲೊ?

ಪ್ರಶ್ನೆ (ಸಿಂದಗಿ):
ಬ್ರಿಟನ್ನಿನ ಸಿನಿಮಾ ನಿರ್ದೇಶಕ ವೆಲ್ಸ್‌ಬಿ 1974ರಾಗ ಮಾಡಿದ 'ಸೆವೆನ್ ಡೇಸ್' ಅನ್ನೂ ಸಿನಿಮಾ ಬಗ್ಗೆ ಓದಿದಾಗಿಂದ ಅದ ತಲ್ಯಾಗ ಕುಂತೈತ್ರಿ. ವೇಲ್ಸ್‌ದ ಕಾರ್ನಿಂಗ್ಲಿ ಗುಡ್ಡದಾಗ ಏಳು ದಿನ, ಹೊತ್ತು ಹುಟ್ಟಿದಾಗಿಂದ ಮುಳುಗೂತನಕ, ಹತ್ತು ಸೆಕೆಂಡಿಗೆ ಒಂದ ಫ್ರೇಮ್, ಅಂದ್ರ ಒಂದ ಚಿತ್ರ. ಬಿಸಿಲು ಬಿದ್ರ ಕ್ಯಾಮೆರಾ ತನ್ನ ನೆರಳು ನೋಡತೈತಿ, ಮೋಡ ಮುಚ್ಚಿದ್ರ ಸೂರ್ಯನ ಕಡೆ ತಿರುಗತೈತಿ. ಎಲ್ಲಿ ಕಟ್ ಅನ್ನೂದನ್ನ ಮೋಡಗಳ ಹೇಳತಾವ! ಮೇದಾಗ ಕಾಲೇಜ್ ಸೂಟಿ ಐತಿ, ಮೊಬೈಲ್ ಇಟ್ಟು ಮಾಡ್ಲಿ?

ಉತ್ತರ (ವಿಜಯಪುರ, ಹೈಸ್ಕೂಲ್ ವಿಜ್ಞಾನ ಮಾಸ್ತರ):
ಮೇ ಬ್ಯಾಡ ತಮ್ಮಾ. ಮಧ್ಯಾಹ್ನ ದಾಟೂತನಕ ಮೋಡನ ಇರೂದಿಲ್ಲ, ನಿನ್ನ ಕ್ಯಾಮೆರಾ ಬರೇ ನೆಲಾ ನೋಡಕೋತ ಕುಂದ್ರತೈತಿ. ಮ್ಯಾಲ ಆ ತಿಂಗಳ ಮೊದಲ ಹತ್ತು ದಿನದೊಳಗ ಸೂರ್ಯ ನಮ್ಮ ನಡು ನೆತ್ತಿ ಮ್ಯಾಲ ಬರತಾನ. ನೆರಳು ಸ್ಟ್ಯಾಂಡಿನ ಕಾಲಾಗ ಸೇರಿಬಿಡತೈತಿ.

ಆಷಾಢ ಹಿಡಿ. ಮಳಿ ಸುರಸದ ಓಡೂ ಮೋಡ ನಮ್ಮ ಜಿಲ್ಲಾಕ್ಕ ಶಾಪ ಅಂತೀವಿ, ಆದ್ರ ಈ ಕೆಲಸಕ್ಕ ಅವ ಬೇಕು. ತಾಸಿನಾಗ ಎಷ್ಟೋ ಸಲ ಬಿಸಿಲು ಬಿದ್ದು ಮುಚ್ಚತೈತಿ. ಆಗೂ ನಡು ಹಗಲ ನೆರಳು ಗಿಡ್ಡನ, ತುಸು ತೆಂಕಣಕ್ಕ ಬೀಳತೈತಿ. ಅದಕ್ಕ ಮೊಬೈಲನ್ನ ಸ್ಟ್ಯಾಂಡಿಗೆ ನೇರ ಹಚ್ಚದ ಒಂದು ಬಿದಿರಿನ ತೋಳು ಕಟ್ಟಿ ಹೊರಗ ಚಾಚು.

ವೆಲ್ಸ್‌ಬಿ ಬಳಸಿದ್ದು ಖಗೋಳದವ್ರು ದುರ್ಬೀನಿಗೆ ಹಚ್ಚೂ ಈಕ್ವಟೋರಿಯಲ್ ಸ್ಟ್ಯಾಂಡ್. ಅದರ ಅಚ್ಚು ಭೂಮಿ ಅಚ್ಚಿಗೆ ಸರಿ ಇರಬೇಕು, ಧ್ರುವ ನಕ್ಷತ್ರದ ಕಡೆ. ಕಾರ್ನಿಂಗ್ಲಿಯಾಗ ಅದು 52 ಡಿಗ್ರಿ ಎತ್ತರ, ಸಿಂದಗಿಯಾಗ ಬರೇ 17. ರಾತ್ರಿ ಹೊಲದಾಗ ನಿಂತು ಹೊಂದಸು. ಸೂರ್ಯನ ಜೋಡಿ ಸ್ಟ್ಯಾಂಡ್ ತಾಸಿಗೆ 15 ಡಿಗ್ರಿ ತಿರುಗಬೇಕು, ಅಂದ್ರ ನಾಲ್ಕು ನಿಮಿಷಕ್ಕ ಒಂದು. ನಾಲ್ಕು ನಿಮಿಷಕ್ಕ 24 ಫ್ರೇಮ್, ಸಿನಿಮಾ ಸೆಕೆಂಡಿಗೆ 24 ಫ್ರೇಮ್ ಓಡೂದಕ್ಕ ತೆರಿ ಮ್ಯಾಲ ಸರಿಯಾಗಿ ಒಂದು ಸೆಕೆಂಡ್. ಕೈಲೆ ತಿರುವಿದ್ರ ಸೆಕೆಂಡಿಗೊಂದು ಜರ್ಕ್ ಕಾಣತೈತಿ, ಸಣ್ಣ ಮೋಟಾರ್ ಹಾಕಿದ್ರ ಚೊಲೊ. 13 ತಾಸಿನ ಹಗಲಿಗೆ 4,680 ಫ್ರೇಮ್, ಮೂರೂಕಾಲು ನಿಮಿಷದ ಸಿನಿಮಾ. ಎಕ್ಸ್‌ಪೋಶರ್ ಲಾಕ್ ಮಾಡು, ಇಲ್ಲಾಂದ್ರ ಮೊಬೈಲ್ ತಾನ ಬೆಳಕು ಸಮ ಮಾಡಿ ಮೋಡದ ಆಟನ ಅಳಿಸಿಬಿಡತೈತಿ. ಬಿಸಿಲು ಒಡದ ಕೂಡ್ಲೆ ಲೆನ್ಸ್ ನೆಲಕ್ಕ ತಿರುಗಬೇಕು, ಸೆನ್ಸರ್ ಸುಟ್ಟೀತು.

ಉತ್ತರ (ಬಾಗಲಕೋಟೆ):
ಮಾಸ್ತರ ಹೇಳಿದ್ದು ಖರೆ. ಆದ್ರ ಹರಗಿ ಬಿಟ್ಟ ಎರಿ ಹೊಲದಾಗ ಇಡಬ್ಯಾಡ್ರಿ, ಕರಿ ಮಣ್ಣಿನ ಮ್ಯಾಲ ನೆರಳಿನ ಅಂಚು ಹತ್ತೂದಿಲ್ಲ. ಮಡ್ಡಿ ನೆಲಾ ಹುಡುಕ್ರಿ, ಸಣ್ಣ ಕಲ್ಲು, ಒಣ ಕರಕಿ ಇದ್ದಲ್ಲಿ ನೆರಳು ಎದ್ದು ಕಾಣತೈತಿ. ಇನ್ನೊಂದು, ಆಷಾಢದ ಗಾಳಿಗೆ ವೆಲ್ಸ್‌ಬಿ ಅವರದ 1972ರ 'ವಿಂಡ್ ವೇನ್' ಸಿನಿಮಾ ಇನ್ನೂ ಹೊಂದತೈತಿ ಅನಸತೈತಿ. ಎರಡು ಕ್ಯಾಮೆರಾಕ್ಕ ಗಾಳಿಗೆ ತಿರುಗೂ ಪಟ್ಟಿ ಹಚ್ಚಿ, ಗಾಳಿ ಎತ್ತಾಗ ದೂಡತೈತೋ ಅತ್ತಾಗ ಬಿಟ್ಟಿದ್ರು.

ಪ್ರಶ್ನೆ ಕೇಳಿದವರು:
ಗಾಳಿದು ಆಮ್ಯಾಲ ಮಾಡ್ತೀನ್ರಿ. ನನಗ ಮೊದಲ ನೆರಳ ಬೇಕು. ಸರ, ಮುಂಜಾನಿಂದ ಸಂಜಿತನಕ ಮೋಡ ಒಡೀಲೇ ಇಲ್ಲಂದ್ರ ಆ ದಿನಾ ಬಿಟ್ಟು ಬ್ಯಾರೆ ದಿನಾ ಹಿಡೀಲಿ?

ಮಾಸ್ತರ:
ಬಿಡಬ್ಯಾಡ. ಏಳು ದಿನ ಅಂದಮ್ಯಾಲ ಏಳೂ ಬರಲಿ. ಚೊಲೊ ದಿನ ಆರಿಸಾಕ ಹತ್ತಿದ್ರ ಎಡಿಟಿಂಗ್ ಮತ್ತ ನಿನ್ನ ಕೈಗೆ ಬಂತು.