ಅಪ್‌ಡೇಟ್: ಹೆದ್ದಾರಿಗೆ ಹೋದ ತೋಟದ ಪರಿಹಾರ, ಲೆಕ್ಕ ತಪ್ಪಿದ್ದು ಎಲ್ಲಿ

ರಾಷ್ಟ್ರೀಯ ಹೆದ್ದಾರಿಗೆ ಹೋದ ನಮ್ಮ ತೋಟಕ್ಕೆ ಬಂದ ಪರಿಹಾರ ಯಾಕೆ ಕಡಿಮೆ ಅಂತ ಹಿಂದೆ ಇಲ್ಲಿ ಕೇಳಿದ್ದೆ. ನೀವು ಹೇಳಿದಂತೆ ಅವಾರ್ಡ್‌ನ (ಪರಿಹಾರ ನಿಗದಿಪಡಿಸುವ ಆದೇಶ) ಪೂರ್ತಿ ಲೆಕ್ಕಪಟ್ಟಿಯ ದೃಢೀಕೃತ ನಕಲು ತೆಗೆಸಿದ ಮೇಲೆ ಉತ್ತರ ಸಿಕ್ಕಿತು.

ಮರ, ಬಾವಿಗಳ ಬೆಲೆಯನ್ನು ಸೊಲೇಷಿಯಂ (ಬಲವಂತದ ಸ್ವಾಧೀನಕ್ಕೆ ಕೊಡುವ ಹೆಚ್ಚುವರಿ ಸಾಂತ್ವನ ಮೊತ್ತ) ಹಾಕಿದ ನಂತರ ಕೂಡಿಸಿದ್ದಾರೆ. 2013ರ ಭೂಸ್ವಾಧೀನ ಕಾಯ್ದೆಯ ಕ್ರಮವೇ ಬೇರೆ: ಜಮೀನಿನ ಮಾರುಕಟ್ಟೆ ಬೆಲೆಯನ್ನು ನಿಗದಿತ ಗುಣಕದಿಂದ ಗುಣಿಸಿ, ಮರ, ಬಾವಿ, ಕಟ್ಟಡದ ಬೆಲೆ ಸೇರಿಸಿ, ಆ ಒಟ್ಟು ಮೊತ್ತಕ್ಕೆ ಶೇ. 100 ಸೊಲೇಷಿಯಂ. ಉದಾಹರಣೆಗೆ ಜಮೀನು 10 ಲಕ್ಷ, ಗುಣಕ 1.5, ಮರ-ಬಾವಿ 4 ಲಕ್ಷ ಅಂದುಕೊಳ್ಳಿ. ಸರಿಯಾದ ಲೆಕ್ಕ 38 ಲಕ್ಷ. ಅವರ ದಾರಿಯಲ್ಲಿ 34. ಮಾರುಕಟ್ಟೆ ಬೆಲೆಯ ಮೇಲೆ ಸಿಗುವ ವಾರ್ಷಿಕ ಶೇ. 12ರ ಹೆಚ್ಚುವರಿ ಮೊತ್ತ ಇದರ ಹೊರಗೆ, ಅದಕ್ಕೆ ಸೊಲೇಷಿಯಂ ಇಲ್ಲ.

ಇನ್ನೊಂದು ದೋಷ ಜಂಟಿ ಅಳತೆಯ ಪಟ್ಟಿಯಲ್ಲಿದೆ. ಬೋರ್‌ವೆಲ್ ಬರೆದಿದ್ದಾರೆ, ನೆಲದಡಿಯ ಪೈಪ್‌ಲೈನ್ ಬಿಟ್ಟಿದ್ದಾರೆ. ಇಂಥದ್ದನ್ನೆಲ್ಲ ಅಳತೆಯ ದಿನವೇ ಮಹಜರಿನಲ್ಲಿ (ಸ್ಥಳದಲ್ಲೇ ಬರೆಯುವ ದಾಖಲೆ) ಬರೆಸದೆ ಸಹಿ ಹಾಕಲೇಬೇಡಿ. ಬುಲ್ಡೋಜರ್ ಹೋದ ಮೇಲೆ ಸಾಕ್ಷಿ ಉಳಿಯುವುದಿಲ್ಲ.

ಈಗ ರಾಷ್ಟ್ರೀಯ ಹೆದ್ದಾರಿ ಕಾಯ್ದೆಯ ಕಲಂ 3ಜಿ(5) ಅಡಿ ಮಧ್ಯಸ್ಥಗಾರರ ಮುಂದೆ ಸಲ್ಲಿಸಲು ಅರ್ಜಿ ಸಿದ್ಧವಾಗಿದೆ. ಜೊತೆಗೆ 3ಎ ಅಧಿಸೂಚನೆಗೆ (ಅದೇ ಕಾಯ್ದೆಯಡಿ ಸ್ವಾಧೀನದ ಮೊದಲ ಪ್ರಕಟಣೆ) ಹಿಂದಿನ ಮೂರು ವರ್ಷಗಳ ಅಕ್ಕಪಕ್ಕದ ಕ್ರಯಪತ್ರಗಳು, ಪಹಣಿ, ತೋಟಗಾರಿಕೆ ಇಲಾಖೆಯ ಮೌಲ್ಯಮಾಪನ. ಕ್ರಯಪತ್ರಗಳಲ್ಲಿ ಹೆಚ್ಚು ಬೆಲೆಯ ಅರ್ಧದಷ್ಟರ ಸರಾಸರಿ ತೆಗೆಯಬೇಕು, ಎಲ್ಲದರ ಸರಾಸರಿಯಲ್ಲ.

ಹಣವನ್ನು ಆಕ್ಷೇಪಣೆಗೆ ಒಳಪಟ್ಟು ಅಂತ ಬರೆದೇ ಪಡೆಯಲಾಗಿದೆ. ಪಹಣಿ ಜಂಟಿಯಾಗಿದ್ದು ಪಾಲಿನ ತಕರಾರಿದ್ದರೆ ಆ ತಕರಾರು ಸಿವಿಲ್ ಕೋರ್ಟ್‌ಗೆ ಹೋಗುತ್ತದೆ, ಹಾಗಾಗಿ ಮನೆಯವರ ಒಪ್ಪಿಗೆ ಪತ್ರ ಮೊದಲೇ ಮಾಡಿಸಿ.