ಈಸ್ಟರ್‌ಗೆ ಸ್ಲೊವೇನಿಯಾದ ಪೊತೀತ್ಸಾ ಮಾಡಬೇಕು, ಈ ಬಿಸಿಲಲ್ಲಿ ಹಿಟ್ಟು ಹದಕ್ಕೆ ತರುವುದು ಹೇಗೆ?

ಧಾರವಾಡದ ಅಡುಗೆಮನೆ:
ಎಲ್ಲರಿಗೂ ನಮಸ್ಕಾರ. ನನ್ನ ತಮ್ಮ ಲ್ಯುಬ್ಲ್ಯಾನಾದಲ್ಲಿ ಓದಿದವನು, ಈ ಸಲ ಈಸ್ಟರ್ ಹೊತ್ತಿಗೆ ಊರಲ್ಲೇ ಇರುತ್ತಾನೆ. ಅಲ್ಲಿ ಅವನ ಮನೆ ಮಾಲಕಿ ಹಬ್ಬಕ್ಕೆ ಪೊತೀತ್ಸಾ ಮಾಡಿ ಕೊಡುತ್ತಿದ್ದರಂತೆ. ಯೀಸ್ಟ್ ಹಾಕಿದ ಸಿಹಿ ಹಿಟ್ಟು ಲಟ್ಟಿಸಿ, ಮೇಲೆ ಅಕ್ರೋಟಿನ ಹೂರಣ ಹಚ್ಚಿ, ಸುರುಳಿ ಸುತ್ತಿ, ನಡುವೆ ಕೊಳವೆ ಇರುವ ದುಂಡನೆ ಅಚ್ಚಿನಲ್ಲಿ ಬೇಯಿಸುತ್ತಾರೆ. ಅವನಿಗೆ ಅದನ್ನೇ ಮಾಡಿ ಬಡಿಸಬೇಕು ಅಂತ ನನಗೆ ಬಹಳ ಆಸೆ. ಪಾವ್, ಬನ್ ಮನೆಯಲ್ಲೇ ಮಾಡುತ್ತೇನೆ, ಆದ್ರೆ ಇದಕ್ಕೆ ಕೈ ಹಾಕುವ ಮುಂಚೆ ಕೆಲವು ವಿಷಯ ಕೇಳಬೇಕಿತ್ತು.

ನನ್ನ ಹತ್ತಿರ ಪೊತೀಚ್ನಿಕ್ ಅನ್ನುವ ಆ ಅಚ್ಚು ಇಲ್ಲ, 9 ಇಂಚಿನ ಬಂಟ್ ಕೇಕ್ ಪಾತ್ರೆ ಇದೆ, ಅದಕ್ಕೂ ನಡುವೆ ಕೊಳವೆ ಇರುತ್ತೆ. ನಡೆಯುತ್ತಾ? ಏಪ್ರಿಲ್ ಮಧ್ಯಾಹ್ನ ಅಡುಗೆಮನೆಯಲ್ಲಿ ಹಿಟ್ಟು ನೋಡ್ತಾ ನೋಡ್ತಾ ಉಬ್ಬಿ ಹುಳಿ ವಾಸನೆ ಬರುತ್ತೆ, ಅದಕ್ಕೆ ಏನು ಮಾಡಬೇಕು? ಅಕ್ರೋಟ್ ತುಟ್ಟಿ, ಅರ್ಧ ಶೇಂಗಾ ಹಾಕಬಹುದಾ? ಮತ್ತೆ ಅಮ್ಮ ಮೊಟ್ಟೆ ತಿನ್ನುವುದಿಲ್ಲ. ಮೊಟ್ಟೆ ಇಲ್ಲದೆ ಆಗುತ್ತಾ?

ಹುಬ್ಬಳ್ಳಿ ಬೇಕಿಂಗ್:
ಬಂಟ್ ಪಾತ್ರೆ ಧಾರಾಳ ನಡೆಯುತ್ತೆ ಅಕ್ಕಾ. ಆ ಮೂಲೆ ಮೂಲೆಗೂ ಬೆಣ್ಣೆ ಸವರಿ ಮೈದಾ ಉದುರಿಸಿ, ಡಿಸೈನ್ ಜಾಸ್ತಿ ಇದ್ದರೆ ಅಲ್ಲೇ ಅಂಟಿಕೊಳ್ಳುತ್ತೆ.

ಅಳತೆ ಹೇಳುತ್ತೇನೆ. 9 ಇಂಚಿಗೆ 350 ಗ್ರಾಂ ಮೈದಾ, 50 ಗ್ರಾಂ ಸಕ್ಕರೆ, 60 ಗ್ರಾಂ ಬೆಣ್ಣೆ, 2 ಮೊಟ್ಟೆಯ ಹಳದಿ, ಸುಮಾರು 160 ಮಿಲಿ ಹಾಲು, ಮುಕ್ಕಾಲು ಚಮಚ ಉಪ್ಪು, ಒಂದು ನಿಂಬೆಯ ಸಿಪ್ಪೆ ತುರಿ. ಅಲ್ಲಿ ಸ್ವಲ್ಪ ರಮ್ ಕೂಡ ಹಾಕುತ್ತಾರೆ, ಬೇಡ ಅಂದ್ರೆ ಬಿಡಿ, ಆದ್ರೆ ನಿಂಬೆ ಸಿಪ್ಪೆ ಬಿಡಬೇಡಿ. ಇನ್‌ಸ್ಟಂಟ್ ಯೀಸ್ಟ್ 4-5 ಗ್ರಾಂ ಸಾಕು. ಹೂರಣಕ್ಕೆ ಮೈದಾ ಎಷ್ಟೋ ಅಷ್ಟೇ ಅಕ್ರೋಟ್, ಅಂದ್ರೆ 350 ಗ್ರಾಂ ಪುಡಿ. ಮಿಕ್ಸಿಯಲ್ಲಿ ಒಂದೇ ಸಮ ತಿರುಗಿಸಿದರೆ ಎಣ್ಣೆ ಬಿಟ್ಟು ಮುದ್ದೆಯಾಗುತ್ತೆ, ನಿಲ್ಲಿಸಿ ನಿಲ್ಲಿಸಿ ತಿರುಗಿಸಿ. 120 ಮಿಲಿ ಹಾಲು ಕುದಿಸಿ, ಅದರಲ್ಲಿ ಜೇನುತುಪ್ಪ, ಸ್ವಲ್ಪ ಸಕ್ಕರೆ, ಬೆಣ್ಣೆ ಕರಗಿಸಿ ಪುಡಿಯ ಮೇಲೆ ಸುರಿಯಿರಿ. ದಾಲ್ಚಿನ್ನಿ ಹಾಕಿ. ಪೂರ್ತಿ ಆರಿದ ಮೇಲೆ ಉಳಿದ ಬಿಳಿಯನ್ನು ನೊರೆ ಬರುವಂತೆ ಕಡೆದು ಮೆಲ್ಲಗೆ ಸೇರಿಸಿ.

ಇಡೀ ಪೊತೀತ್ಸಾ ನಿಂತಿರುವುದು ಈ ಹೂರಣದ ಮೇಲೆ. ಚಮಚದಲ್ಲಿ ಎತ್ತಿದರೆ ಜಾರಬಾರದು, ಹಚ್ಚುವಾಗ ಹಿಟ್ಟು ಹರಿಯುವಷ್ಟು ಗಟ್ಟಿಯೂ ಇರಬಾರದು. ತೆಳ್ಳಗಾದರೆ ಟೋಸ್ಟ್ ಪುಡಿ ಮಾಡಿ ಒಂದೆರಡು ಚಮಚ ಬೆರೆಸಿ.

ಆಮೇಲೆ ಸುತ್ತುವುದು. ತೊಳೆದ ಹಳೆ ಕಾಟನ್ ಪಂಚೆಯ ಮೇಲೆ ಮೈದಾ ಉದುರಿಸಿ, ಹಿಟ್ಟನ್ನು ಅರ್ಧ ಸೆಂಟಿಮೀಟರ್ ದಪ್ಪಕ್ಕೆ ಚೌಕವಾಗಿ ಲಟ್ಟಿಸಿ. ಅಂಚಿನವರೆಗೂ ಹೂರಣ ಹಚ್ಚಿ, ಕೊನೆಗೆ ಮುಚ್ಚುವ ಕಡೆ ಮಾತ್ರ ಎರಡು ಬೆರಳು ಜಾಗ ಬಿಡಿ. ಪಂಚೆಯ ತುದಿ ಎತ್ತಿದರೆ ಹಿಟ್ಟು ತಾನಾಗಿ ಉರುಳುತ್ತೆ, ನೀವು ಪ್ರತಿ ಸುತ್ತಿಗೂ ಕೈಯಿಂದ ಬಿಗಿ ಮಾಡ್ತಾ ಹೋಗಿ. ಅಚ್ಚಿನಲ್ಲಿ ಇಡುವಾಗ ಅಂಚು ಮೇಲಕ್ಕೆ ಇರಲಿ, ಮಗುಚಿದಾಗ ಅದು ಕೆಳಗೆ ಹೋಗುತ್ತೆ. ತೆಳ್ಳನೆ ಕಡ್ಡಿಯಿಂದ ತಳದವರೆಗೆ ಅಲ್ಲಲ್ಲಿ ಚುಚ್ಚಿ. ಒಳಗಿನ ಗಾಳಿ, ಹಬೆ ಹೋಗದಿದ್ದರೆ ಹೂರಣ ಒಂದು ಕಡೆ ಬ್ರೆಡ್ ಒಂದು ಕಡೆ ಆಗಿ ನಡುವೆ ಪೊಳ್ಳು ಬೀಳುತ್ತೆ. 180 ಡಿಗ್ರಿಯಲ್ಲಿ ಕಾಲು ಗಂಟೆ, ಆಮೇಲೆ 165ರಲ್ಲಿ ಮುಕ್ಕಾಲು ಗಂಟೆ. ಬೇಗ ಕೆಂಪಾದರೆ ಮೇಲೆ ಫಾಯಿಲ್ ಮುಚ್ಚಿ.

ಗದಗ ಬೆಟಗೇರಿ:
ಬಿಸಿಲಿನ ವಿಷಯಕ್ಕೆ ನಾನು ಹೇಳುತ್ತೇನೆ, ನಮ್ಮ ಕಡೆ ನಿಮಗಿಂತ ಜಾಸ್ತಿನೇ ಇದೆ. ಹಾಲನ್ನು ಬೆಚ್ಚಗೆ ಮಾಡಲೇಬೇಡಿ, ಫ್ರಿಜ್‌ನಿಂದ ತೆಗೆದದ್ದನ್ನೇ ಹಾಕಿ. ನಾದುವಾಗಲೇ ಹಿಟ್ಟು ಬಿಸಿಯಾಗುತ್ತೆ, ಬೆಣ್ಣೆ ಕರಗಿ ಕೈಗೆ ಹತ್ತುತ್ತೆ, ಆಗ ಮೈದಾ ಮೇಲೆ ಮೈದಾ ಹಾಕೋದು ಬೇಡ, ಹತ್ತು ನಿಮಿಷ ಫ್ರಿಜ್‌ನಲ್ಲಿಟ್ಟು ಮತ್ತೆ ನಾದಿ. ರಾತ್ರಿ ನಾದಿ ಮುಚ್ಚಿ ಫ್ರಿಜ್‌ನಲ್ಲಿಡಿ, ಬೆಳಗಾಗುವಷ್ಟರಲ್ಲಿ ನಿಧಾನವಾಗಿ ಉಬ್ಬಿರುತ್ತೆ. ತಣ್ಣಗಿನ ಹಿಟ್ಟು ಲಟ್ಟಿಸಲೂ ಸುಲಭ. ಬಿಸಿಲೇರುವ ಮೊದಲೇ ಸುತ್ತಿ ಅಚ್ಚಿಗೆ ಹಾಕಿಬಿಡಿ. ಎರಡನೇ ಸಲ ಉಬ್ಬುವಾಗ ಗಡಿಯಾರ ನೋಡಬೇಡಿ, ಹಿಟ್ಟು ನೋಡಿ. ಬೆರಳಿಂದ ಒತ್ತಿದರೆ ಗುಳಿ ನಿಧಾನವಾಗಿ ತುಂಬಿಕೊಳ್ಳಬೇಕು, ಆಗಲೇ ಒಳಗೆ ಹಾಕಿ. ಜಾಸ್ತಿ ಉಬ್ಬಿದರೂ ಅದೇ ಪೊಳ್ಳು ಬೀಳುತ್ತೆ. ಕರೆಂಟ್ ಯಾವಾಗ ಹೋಗುತ್ತೆ ಅಂತ ಮೊದಲೇ ವಿಚಾರಿಸಿಕೊಳ್ಳಿ, ಒಂದು ಗಂಟೆ ಓವನ್ ನಿಲ್ಲಬಾರದಲ್ವಾ.

ಶೇಂಗಾ ಹಾಕಿದರೆ ತಪ್ಪೇನು ಅನ್ನಿಸುತ್ತೆ ನನಗೆ. ಹುರಿದು ಸಿಪ್ಪೆ ತೆಗೆದು ಪುಡಿ ಮಾಡಿದರೆ ರುಚಿಯೇ.

ಹಾವೇರಿ ಅಕ್ಕ:
ಯಜಮಾನರ ಕೆಲಸದಿಂದಾಗಿ ನಾವು ಸ್ಲೊವೇನಿಯಾದ ಕರಾವಳಿ ಊರು ಕೋಪರ್‌ನಲ್ಲಿ ಇದ್ದೆವು, ಅದಕ್ಕೇ ಇದನ್ನು ಓದಿ ತುಂಬಾ ಖುಷಿಯಾಯಿತು. ಆದ್ರೆ ಶೇಂಗಾಗೆ ನಾನು ಒಪ್ಪಲ್ಲ. ರುಚಿ ಇರುತ್ತೆ, ಸರಿ. ಆದ್ರೆ ತಮ್ಮನಿಗೆ ಆ ಮನೆಯ ನೆನಪು ಬರಬೇಕು ಅಂದ್ರೆ ಅಕ್ರೋಟಿನ ಆ ಸಣ್ಣ ಒಗರು ಬೇಕೇ ಬೇಕು, ಶೇಂಗಾ ವಾಸನೆ ಎಲ್ಲವನ್ನೂ ಮುಚ್ಚಿಬಿಡುತ್ತೆ. ಸ್ಲೊವೇನಿಯಾದ ಪೊತೀತ್ಸಾಗೆ 2021ರಲ್ಲಿ ಯುರೋಪಿಯನ್ ಒಕ್ಕೂಟದಲ್ಲಿ ಸಾಂಪ್ರದಾಯಿಕ ತಿನಿಸು ಅಂತ ರಕ್ಷಣೆ ಸಿಕ್ಕಿದೆ. ಅದರಲ್ಲಿ ಒಪ್ಪಿದ ಹೂರಣಗಳು ಅಕ್ರೋಟ್, ಅಕ್ರೋಟ್ ಜೊತೆ ಒಣದ್ರಾಕ್ಷಿ, ಬರೀ ಒಣದ್ರಾಕ್ಷಿ, ಟ್ಯಾರಗನ್ ಸೊಪ್ಪು, ಆ ಸೊಪ್ಪಿನ ಜೊತೆ ಹಸಿ ಚೀಸ್. ಖರ್ಚು ಕಡಿಮೆ ಆಗಬೇಕಾದ್ರೆ ಅಕ್ರೋಟ್ ಸ್ವಲ್ಪ ಇಳಿಸಿ ಒಣದ್ರಾಕ್ಷಿ ಸೇರಿಸಿ. ಅಲ್ಲಿನ ಮನೆಗಳಲ್ಲಿ ಗಸಗಸೆಯದ್ದೂ ಮಾಡುತ್ತಾರೆ, ಗಸಗಸೆ ನಮಗೂ ಹೊಸದಲ್ಲ.

ಅಲ್ಲಿ ಈಸ್ಟರ್ ಹಿಂದಿನ ಶನಿವಾರ ಬುಟ್ಟಿಯಲ್ಲಿ ಪೊತೀತ್ಸಾ, ಬಣ್ಣ ಹಾಕಿದ ಮೊಟ್ಟೆ, ಹ್ಯಾಮ್, ಖಾರದ ಹಾರ್ಸ್‌ರ‍್ಯಾಡಿಶ್ ಬೇರು ಇಟ್ಟು, ಮೇಲೆ ಕಸೂತಿ ಬಟ್ಟೆ ಮುಚ್ಚಿ ಚರ್ಚಿಗೆ ಒಯ್ಯುತ್ತಾರೆ. ಪಾದ್ರಿ ಆಶೀರ್ವಾದ ಮಾಡಿದ ಮೇಲೆ ಭಾನುವಾರ ಬೆಳಗ್ಗೆ ಮನೆಯವರೆಲ್ಲ ಕೂತು ತಿನ್ನುತ್ತಾರೆ. ಸಿಹಿ ಬ್ರೆಡ್ ಜೊತೆ ಖಾರ, ಉಪ್ಪು ಎಲ್ಲ ಒಟ್ಟಿಗೆ. ನಾವಿದ್ದ ಆ ಕರಾವಳಿ ಕಡೆ, ಪ್ರಿಮೋರ್ಸ್ಕಾದಲ್ಲಿ, ಪಿಂತ್ಸಾ ಅಂತ ಇನ್ನೊಂದು ಮಾಡುತ್ತಿದ್ದರು. ಹೂರಣ ಇಲ್ಲ, ಜಾಸ್ತಿ ಹಳದಿ ಹಾಕಿದ ದುಂಡನೆ ಬ್ರೆಡ್, ಒಲೆಗೆ ಹಾಕುವ ಮುಂಚೆ ಮೇಲೆ ಕತ್ತರಿಯಿಂದ ಮೂರು ಕಡೆ ಸೀಳುತ್ತಾರೆ. ಅದು ಸುಲಭ, ಆದ್ರೆ ತಮ್ಮ ಕೇಳಿದ್ದು ಅದಲ್ಲವಲ್ಲ.

ಅಮ್ಮನಿಗೆ ಬೇರೆಯೇ ಚಿಕ್ಕದೊಂದು ಮಾಡಿ. ಹಳದಿಯ ಬದಲು ಹಿಟ್ಟಿಗೆ ಎರಡು ಚಮಚ ಮೊಸರು, ಹೂರಣ ಹಿಡಿದುಕೊಳ್ಳಲು ಜೇನು ಮತ್ತು ಟೋಸ್ಟ್ ಪುಡಿ. ಒಂದೇ ಹಿಟ್ಟಿನಲ್ಲಿ ಇಬ್ಬರಿಗೂ ಹೊಂದಿಸಲು ಹೋಗಬೇಡಿ.

ಧಾರವಾಡದ ಅಡುಗೆಮನೆ:
ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಅಕ್ಕಾ, ನೀವು ಹೇಳಿದ್ದು ಸರಿ, ಪೂರ್ತಿ ಅಕ್ರೋಟಿಂದಲೇ ಮಾಡುತ್ತೇನೆ, ಅಮ್ಮನದು ಬೇರೆ ಪಾತ್ರೆಯಲ್ಲಿ. ಒಂದೇ ಒಂದು ಕೇಳುವುದು ಉಳಿದಿದೆ. ಶನಿವಾರವೇ ಬೇಯಿಸಿದರೆ ಭಾನುವಾರಕ್ಕೆ ಒಣಗುತ್ತಾ?

ಹುಬ್ಬಳ್ಳಿ ಬೇಕಿಂಗ್:
ಒಣಗಲ್ಲ, ಶನಿವಾರವೇ ಮಾಡಿ. ಬಿಸಿಯಿದ್ದಾಗ ಕೊಯ್ದರೆ ಸುರುಳಿ ಒಡೆದು ಹೂರಣ ಉದುರುತ್ತೆ. ಓವನ್‌ನಿಂದ ತೆಗೆದು ಕಾಲು ಗಂಟೆ ಅಚ್ಚಿನಲ್ಲೇ ಬಿಡಿ, ಆಮೇಲೆ ಜಾಲರಿ ಮೇಲೆ ಮಗುಚಿ, ಪೂರ್ತಿ ಆರಿದ ಮೇಲೆ ಬಟ್ಟೆಯಲ್ಲಿ ಸುತ್ತಿಡಿ. ಭಾನುವಾರ ಬೆಳಗ್ಗೆ ಹಲ್ಲಿರುವ ಬ್ರೆಡ್ ಚಾಕುವಿನಿಂದ ಕೊಯ್ಯಿರಿ. ಉಳಿದದ್ದನ್ನು ಈ ಸೆಕೆಯಲ್ಲಿ ಹೊರಗಿಡದೆ ಡಬ್ಬಿಗೆ ಹಾಕಿ ಫ್ರಿಜ್‌ನಲ್ಲಿಡಿ, ತಿನ್ನುವ ಮುಂಚೆ ಸ್ವಲ್ಪ ಹೊತ್ತು ಹೊರಗೆ ತೆಗೆದಿಟ್ಟರೆ ಮೆತ್ತಗಾಗುತ್ತೆ. ಕೊಯ್ದ ಮೇಲೆ ಫೋಟೋ ಹಾಕಿ, ಸುರುಳಿ ಎಷ್ಟು ಬಿಗಿ ಬಂದಿದೆ ನೋಡಬೇಕು.